ನನ್ನ ಹೆಸರಿನ ಹಳದಿ ಬಕೆಟ್ಟು

ನಮ್ಮ ಪ್ರಯೂನ್ ಮನೆಯಲ್ಲಿ ದಿನಕ್ಕೆ ನಾಲ್ಕು ಮಾತು ಆಡುತ್ತಾನೆ. ಬೆಳಿಗ್ಗೆ "ಅನ್ನ ಆಯ್ತಾ", ಹೊರಡುವಾಗ "ಬರ್ತೀನಿ", ಸಂಜೆ "ಬಂದೆ", ಮಲಗುವಾಗ "ಫ್ಯಾನ್ ಕಡಿಮೆ ಮಾಡು". ಮದುವೆಯಾಗಿ ಮೂವತ್ತೊಂದು ವರ್ಷ, ಐದನೆಯ ಮಾತಿಗಾಗಿ ಕಾದೂ ಕಾದೂ ನಾನು ಆಸೆ ಬಿಟ್ಟವಳು. ಇಂಥವನು ಹೊಟ್ಟೆಪಾಡಿಗೆ ಮಾಡುವ ಕೆಲಸವಾದರೂ ಏನು? ಜನರನ್ನು ವ್ಯಾನಿನಲ್ಲಿ ಕೂರಿಸಿಕೊಂಡು ಬೆಳಗಿನಿಂದ ಸಂಜೆಯವರೆಗೆ ಮಾರುಕಟ್ಟೆ, ಜಲಪಾತ, ಬೌದ್ಧ ವಿಹಾರ ಅಂತ ಸುತ್ತಿಸುತ್ತಾ ಕಥೆ ಹೇಳುವುದು. ಒಮ್ಮೆ ಅವನ ಗಾಡಿಯಲ್ಲಿ ಹೋದವರು ಮತ್ತೆ ಅವನನ್ನೇ ಹುಡುಕಿಕೊಂಡು ಬರುತ್ತಾರೆ. ಅವನ ಮಾತು ಕೇಳುವುದಕ್ಕಂತೆ. ಮೊದಲ ಸಲ ಇದು ನನ್ನ ಕಿವಿಗೆ ಬಿದ್ದಾಗ ಬೇರೆ ಯಾವನೋ ಪ್ರಯೂನ್ ಇರಬೇಕು ಅಂದುಕೊಂಡಿದ್ದೆ.

ವಯಸ್ಸಿನಲ್ಲಿ ನನಗಿಂತ ಹದಿಮೂರು ತಿಂಗಳು ಚಿಕ್ಕವನು. ಮೊದಲು ಕಬ್ಬಿನ ಲಾರಿ ಓಡಿಸುತ್ತಿದ್ದ. ಸಾಯ್‌ಯೋಕ್ ರಸ್ತೆಯ ತಿರುವಿನಲ್ಲಿ ನಾನು ಕೆಂಡದಲ್ಲಿ ಬಾಳೆಹಣ್ಣು ಸುಟ್ಟು ಮಾರುವ ತಳ್ಳುಗಾಡಿಗೆ ಗುದ್ದಿ, ಕೆಳಗಿಳಿದು, ಚೆಲ್ಲಾಡಿದ ಹಣ್ಣನ್ನೆಲ್ಲ ಒಂದೊಂದಾಗಿ ಆಯ್ದು ತನ್ನ ಅಂಗಿಗೆ ಒರೆಸಿ ಒಲೆಯ ಮೇಲೆ ಜೋಡಿಸಿದ. ನಾನು ಬಾಯಿಗೆ ಬಂದಂತೆ ಬೈಯುತ್ತಿದ್ದೆ, ಅವನು ತಲೆ ತಗ್ಗಿಸಿ ಹಣ್ಣು ಒರೆಸುತ್ತಿದ್ದ. ಮೂರು ತಿಂಗಳಿಗೆ ಮದುವೆಯಾಯಿತು. ಮಗಳು ಹುಟ್ಟಿದ ಮೇಲೆ ನಾನು ಅವನನ್ನು ಅಪ್ಪಾ ಅನ್ನುವುದು, ಅವನು ನನ್ನನ್ನು ಅಮ್ಮಾ ಅನ್ನುವುದು ರೂಢಿಯಾಯಿತು, ನಮ್ಮ ಕಡೆ ಎಲ್ಲರ ಮನೆಯಲ್ಲೂ ಹೀಗೆಯೇ.

ದೆವ್ವ ಭೂತಗಳ ಹೆದರಿಕೆಯಲ್ಲಿ ಅವನನ್ನು ಮೀರಿಸುವವರಿಲ್ಲ. ತನ್ನ ಮುಖ ತೊಳೆಯುವ ಮೊದಲು ವ್ಯಾನಿನ ಮುಖ ತೊಳೆಯುತ್ತಾನೆ. ಗಾಡಿ ಕಾಯುವ ತಾಯಿಗೆ ದಿನಾ ಹೊಸ ಮಲ್ಲಿಗೆ ಹಾರ. ತಿರುವಿನ ಗುಡಿ ಬಂದರೆ ಮೂರು ಸಲ ಹಾರನ್. ಮೊಮ್ಮಗು ಹುಟ್ಟಿದಾಗ ಮುದ್ದಾಗಿದೆ ಅಂತ ಯಾರೋ ಅಂದದ್ದಕ್ಕೆ "ಇಲ್ಲ ಇಲ್ಲ, ಕುರೂಪಿ" ಅಂತ ಆಸ್ಪತ್ರೆಯ ವರಾಂಡದಲ್ಲಿ ನಿಂತು ಕೂಗಿ ಹೇಳಿದ. ಮುದ್ದು ಮಗು ಅಂತ ಗೊತ್ತಾದರೆ ಕಾಣದವರು ಬಂದು ಎತ್ತಿಕೊಂಡು ಹೋಗುತ್ತಾರಲ್ಲ, ಅದಕ್ಕೆ. ಬೀಗರು ಇಂದಿಗೂ ಅದನ್ನು ಮರೆತಿಲ್ಲ.

ಮೂರು ವರ್ಷದ ಹಿಂದೆ ನನ್ನ ಎದೆಯಲ್ಲಿ ಗಂಟು ಕಾಣಿಸಿಕೊಂಡಿತು. ಕೊಯ್ದು ತೆಗೆದರು. ಆಗ ಅವನು ನನ್ನ ಬೆನ್ನು ಹತ್ತಿದ. ವಿಹಾರದಲ್ಲಿ ಶವಪೆಟ್ಟಿಗೆಯೊಳಗೆ ಮಲಗಿ ಏಳುವ ಪೂಜೆ ಇದೆ, ಬಿಳಿ ಬಟ್ಟೆ ಹೊದಿಸುತ್ತಾರೆ, ಭಿಕ್ಷುಗಳು ಮಂತ್ರ ಹೇಳುತ್ತಾರೆ, ಹಳೆಯ ಆಯುಸ್ಸು ಅಲ್ಲಿಗೆ ಮುಗಿಯಿತು ಅಂತ ಲೆಕ್ಕ, ಎದ್ದವರಿಗೆ ಹೊಸ ಜನ್ಮ. ನಮ್ಮಲ್ಲಿ ಬೇಕಾದಷ್ಟು ಜನ ಮಾಡಿಸುತ್ತಾರೆ. "ಒಂದ್ಸಲ ಮಲ್ಕೊಂಡು ಎದ್ಬಿಡಮ್ಮ" ಅಂತ ಅವನು. "ಸಾಯೋ ದಿನ ಮಲಗ್ತೀನಿ, ಅಲ್ಲೀವರೆಗೂ ನನ್ನ ಚಾಪೆ ಸಾಕು" ಅಂತ ನಾನು. ಒಂದು ವಾರ ಕಾಡಿದ, ಆಮೇಲೆ ಸುಮ್ಮನಾದ. ಸುಮ್ಮನಾದ ಅಂತ ನಾನು ನಂಬಿದ್ದೇ ತಪ್ಪು.

ಈ ವರ್ಷ ಫೆಬ್ರವರಿಯಲ್ಲಿ ಅದೇ ಜಾಗದಲ್ಲಿ ಮತ್ತೆ ಏನೋ ಕೈಗೆ ಸಿಕ್ಕಿತು. ಸೂಜಿ ಚುಚ್ಚಿ ಪರೀಕ್ಷೆಗೆ ತೆಗೆದುಕೊಂಡರು. ಗುರುವಾರ ಮಧ್ಯಾಹ್ನ ಮೂರೂವರೆಗೆ ಕಾಂಚನಬುರಿಯ ಆಸ್ಪತ್ರೆಗೆ ಬಂದು ವರದಿ ಕೇಳಿ ಅಂದರು. ಗಂಟು ಮತ್ತೆ ಬಂದಿದೆಯೋ ಇಲ್ಲವೋ, ನಾನು ಇರುತ್ತೇನೋ ಹೋಗುತ್ತೇನೋ, ಅದು ಆ ಒಂದು ಹಾಳೆಯಲ್ಲಿತ್ತು. ನಮ್ಮೂರಿನಿಂದ ಪಟ್ಟಣಕ್ಕೆ ಬಸ್ಸಿನಲ್ಲಿ ಒಂದೂವರೆ ಗಂಟೆ.

ಆ ಗುರುವಾರ ಪ್ರಯೂನನಿಗೆ ಒಂದು ಪ್ರವಾಸ ಗೊತ್ತಾಗಿತ್ತು. ಬ್ಯಾಂಕಾಕಿನ ನಿವೃತ್ತ ಶಾಲಾ ಶಿಕ್ಷಕಿಯೊಬ್ಬರು, ನದಿಯ ತೆಪ್ಪದ ಮನೆಯಲ್ಲಿ ಇಳಿದುಕೊಂಡವರು, ಇಡೀ ವ್ಯಾನನ್ನು ತಮ್ಮೊಬ್ಬರಿಗೇ ಹಿಡಿದಿದ್ದರು. ಬೆಳಗಿನಿಂದ ಸುತ್ತಿಸಿ ಮಧ್ಯಾಹ್ನ ಮೂರರೊಳಗೆ ಪಟ್ಟಣದಲ್ಲಿ ಬಸ್ಸಿಗೆ ಬಿಡಬೇಕು.

"ಹೇಗೂ ಪಟ್ಟಣಕ್ಕೇ ಬರ್ತೀಯಲ್ಲಪ್ಪ, ನಾನೂ ಹಿಂದಿನ ಸೀಟಲ್ಲಿ ಕೂತು ಬರ್ತೀನಿ" ಅಂದೆ.

"ಆಗಲ್ಲ. ಗಿರಾಕಿಗಳ ಜೊತೆ ಮನೆಯವರು ಕೂರಬಾರದು."

"ಯಾರು ಮಾಡಿದ್ದು ಈ ಕಾನೂನು? ವ್ಯಾನು ನಿಂದೇ ತಾನೇ?"

"ನೀನು ಬಸ್ಸಲ್ಲಿ ಬಾ. ಆಸ್ಪತ್ರೆಗೆ ನಾನು ಬಂದೇ ಬರ್ತೀನಿ."

ಹೀಗೆ, ಮನೆಯಲ್ಲಿ ಕೂರಲಾಗದೆ, ಎಂಟು ಗಂಟೆಗೇ ನಾನು ಬಸ್ ನಿಲ್ದಾಣದಲ್ಲಿ ನಿಂತೆ. ಎಂಟರ ಬಸ್ಸು ಬರಲಿಲ್ಲ. ಎಂಟೂವರೆಯದು ನಿಲ್ಲಿಸಲೂ ಜಾಗವಿಲ್ಲದಷ್ಟು ತುಂಬಿಕೊಂಡು ಹಾಗೇ ಹೋಯಿತು. ಆಗ ನಮ್ಮ ವ್ಯಾನು ಬಂತು. ನಾನು ಕೈಬೀಸಿದೆ. ನನ್ನನ್ನು ಕಂಡು, ಕಣ್ಣಿಗೆ ಕಣ್ಣು ಸೇರಿಸಿ, ಮುಂದೆ ಹೋಗಿಯೇಬಿಟ್ಟ. ಮೂವತ್ತೊಂದು ವರ್ಷ ಅನ್ನ ಬೇಯಿಸಿ ಹಾಕಿದ ಹೆಂಗಸನ್ನು ರಸ್ತೆಯ ಮೈಲಿಗಲ್ಲಿನಂತೆ ದಾಟಿ ಹೋದ. ಐವತ್ತು ಗಜ ಆಚೆ ವ್ಯಾನು ನಿಂತಿತು, ಹಿಂದಕ್ಕೆ ಬಂತು. ನಿಲ್ಲಿಸಿದ್ದು ಅವನಲ್ಲ, ಒಳಗಿದ್ದ ಶಿಕ್ಷಕಿ.

"ಬಿಸಿಲಲ್ಲಿ ನಿಂತಿದ್ದಾರಲ್ಲ ಪಾಪ, ಹತ್ತಿಸ್ಕೊಳ್ಳಿ. ನಿಮಗೆ ಇವರು ಗೊತ್ತಾ?" ಅಂತ ಅವರು ಕೇಳಿದರು. ಅರವತ್ತು ದಾಟಿದ, ಕನ್ನಡಕದ, ಬೆನ್ನು ನೆಟ್ಟಗಿನ ಹೆಂಗಸು. ಹೆಸರು ವಿಪಾ.

ಪ್ರಯೂನ್ ಸ್ಟೇರಿಂಗ್ ನೋಡುತ್ತಾ ಹೇಳಿದ: "ನಮ್ಮಕ್ಕ."

ಬಾಗಿಲಿಗೆ ಕೈಯಿಟ್ಟವಳು ಹಾಗೇ ನಿಂತೆ. ಅಕ್ಕ? ನನಗೆ ಬಂದ ಸಿಟ್ಟಿಗೆ ಅವನ ಮಲ್ಲಿಗೆ ಹಾರವನ್ನು ಕಿತ್ತು ರಸ್ತೆಗೆಸೆಯಬೇಕು ಅನಿಸಿತು. ಮನೆಯವರು ಕೂರಬಾರದು ಅಂದಿದ್ದನಲ್ಲ, ಆ ಹಾಳು ಕಾನೂನಿಗೆ ಹೆದರಿ ಹೀಗಂದಿರಬೇಕು ಅಂತ ಹಲ್ಲು ಕಚ್ಚಿಕೊಂಡು ಹತ್ತಿದೆ. "ತಮ್ಮನಿಗೆ ದೃಷ್ಟಿ ಮಂದ ಟೀಚರ್, ಸ್ವಂತ ಅಕ್ಕ ಕಾಣಲಿಲ್ಲ" ಅಂದೆ. ಅವನ ಕಿವಿ ಕೆಂಪಾಯಿತು.

ಮೊದಲು ಮಾರುಕಟ್ಟೆ. ಪ್ರಯೂನ್ ಗಾಡಿ ನಿಲ್ಲಿಸಲು ಹೋದ, ನಾವಿಬ್ಬರೂ ಒಳಗೆ ನಡೆದೆವು. ಟೀಚರ್ ಮೀನು ನೋಡಲಿಲ್ಲ, ಹೂವು ನೋಡಲಿಲ್ಲ, ನೇರ ಪೂಜಾ ಸಾಮಾನಿನ ಅಂಗಡಿಗೆ ಹೋಗಿ ದೊಡ್ಡ ಹಳದಿ ಬಕೆಟ್ಟು ಆರಿಸಿದರು. ಒಳಗೆ ಭಿಕ್ಷುಗಳು ಹೊದೆಯುವ ಚೀವರ, ಸೋಪು, ಟಾರ್ಚು, ಚಹಾ, ತಲೆನೋವಿನ ಮಾತ್ರೆ. ಭಿಕ್ಷುಗಳಿಗೆ ಇಂಥ ಬಕೆಟ್ಟು ಕೊಟ್ಟು, ಆ ಪುಣ್ಯ ತೀರಿಕೊಂಡವರಿಗೆ ಸೇರಲಿ ಅಂತ ನಾವು ಬೇಡಿಕೊಳ್ಳುತ್ತೇವೆ. ಯಾರಿಗೆ ಸೇರಬೇಕೋ ಅವರ ಹೆಸರಿನ ಚೀಟಿ ಜೊತೆಗಿರಬೇಕು.

"ಒಳ್ಳೇದಾಯ್ತು ನೀವು ಸಿಕ್ಕಿದ್ದು" ಅಂದರು ಟೀಚರ್, ಚೀಲದಿಂದ ಪೆನ್ನು ತೆಗೆಯುತ್ತಾ. "ನಿಮ್ಮ ತಮ್ಮನ್ನ ಕೇಳೋಣ ಅಂದ್ರೆ ಪಾಪ ಕಣ್ಣಲ್ಲಿ ನೀರು ಹಾಕ್ತಾರೆ. ಪೂರ್ತಿ ಹೆಸರು ಬೇಕು ನೋಡಿ, ಮನೆತನದ್ದೂ ಸೇರಿಸಿ. ಇಲ್ದಿದ್ರೆ ಪುಣ್ಯ ಇನ್ಯಾರಿಗೋ ಹೋಗ್ಬಿಡುತ್ತೆ. ಅವರ ಹೆಂಡತಿ, ನಿಮ್ಮ ನಾದಿನಿ ಹೆಸರು ಲಂದುವನ್ ಅಲ್ವಾ?"

ಲಂದುವನ್ ಅಂದರೆ ನಾನು.

"ಅವರಿಗೆ ಏನಾಗಿದೆ?" ಅಂತ ಕೇಳಿದೆ.

ಟೀಚರ್ ನನ್ನ ತೋಳು ಹಿಡಿದುಕೊಂಡರು. "ಇನ್ನೂ ಮನಸ್ಸು ಒಪ್ಪಿಲ್ಲ ಅಲ್ವಾ ನಿಮಗೂ? ಮೂರು ವರ್ಷ ಆಯ್ತಂತೆ ತೀರ್ಕೊಂಡು. ಎದೆ ಗಂಟು. ಹೋದ ವರ್ಷ ನಾನು ಬಂದಾಗ ಎಷ್ಟು ಹೇಳಿದ್ರು ಅವರ ಬಗ್ಗೆ."

ನನ್ನ ಬಾಯಿ ಕಟ್ಟಿಹೋದದ್ದು ಜೀವಮಾನದಲ್ಲಿ ಅದೇ ಮೊದಲು. ಅಂಗಡಿಯ ಮೇಜು ಹಿಡಿದುಕೊಂಡೆ. ಟೀಚರ್ ಚೀಟಿ ಮತ್ತು ಪೆನ್ನು ನನ್ನ ಮುಂದೆ ಇಟ್ಟರು, ನೀವೇ ಬರೆಯಿರಿ, ಅಕ್ಷರ ತಪ್ಪಾಗಬಾರದು ಅಂತ. ತೀರಿಕೊಂಡವರ ಹೆಸರು ಎಂದು ಅಚ್ಚಾದ ಗೆರೆಯ ಮೇಲೆ ನಾನು ನನ್ನ ಕೈಯಾರೆ ನನ್ನ ಹೆಸರು ಬರೆದೆ. ಕೈ ಅದರ ಪಾಡಿಗೆ ಬರೆಯಿತು, ಬ್ಯಾಂಕಿನಲ್ಲಿ ಸಹಿ ಮಾಡುತ್ತದಲ್ಲ, ಹಾಗೆ.

ಟೀಚರ್ ಹೇಳುತ್ತಲೇ ಇದ್ದರು. "ಎಂಥ ಹೆಂಗಸು ನೋಡಿ. ಸುಟ್ಟ ಬಾಳೆಹಣ್ಣಿನಲ್ಲಿ ಒಡೆದಿದ್ದನ್ನ ತಾವು ತಿಂದು, ಚೆನ್ನಾಗಿರೋದನ್ನ ಗಂಡನಿಗೆ ಎತ್ತಿಡ್ತಿದ್ರಂತೆ. ನಾನು ನೋಡಿಲ್ಲ ಅಂದ್ಕೊಂಡಿದ್ಲು, ದಿನಾ ನೋಡ್ತಿದ್ದೆ ಅಂದ್ರು ನಿಮ್ಮ ತಮ್ಮ. ಮತ್ತೆ ಒಂದು ದಿನವೂ ದನಿ ಎತ್ತಿ ಮಾತಾಡಿದವರಲ್ಲವಂತೆ."

ಆ ಕೊನೆಯ ಸುಳ್ಳು ಕೇಳಿದ ಮೇಲೆ ನನಗೆ ಸ್ವಲ್ಪ ಉಸಿರು ಬಂತು. ಹಿಂದೆಯೇ ಅನುಮಾನವೂ ಬಂತು. ಹೆಂಡತಿ ಸತ್ತಿದ್ದಾಳೆ ಅಂತ ಗಂಡಸು ಯಾಕೆ ಹೇಳುತ್ತಾನೆ? ಇನ್ನೊಬ್ಬಳ ಮನಸ್ಸು ಕರಗಿಸುವುದಕ್ಕೆ. ಎದುರಿಗೆ ನಿಂತಿದ್ದಾರೆ ನೋಡಿ, ಒಂಟಿ ಹೆಂಗಸು, ಪಿಂಚಣಿದಾರರು, ವರ್ಷವರ್ಷವೂ ಬರುತ್ತಾರೆ. ನಾನು ಆಸ್ಪತ್ರೆಯ ಹಾಳೆಗಾಗಿ ಜೀವ ಕೈಯಲ್ಲಿ ಹಿಡಿದು ಕೂತಿದ್ದರೆ ಇವನು ಆಗಲೇ ನನ್ನ ತಿಥಿ ಮುಗಿಸಿ ಬೇರೆ ಸಂಸಾರ ಹೂಡುತ್ತಿದ್ದಾನೆ. ಕೈಗೆ ಸಿಗಲಿ, ಗಿರಾಕಿಯ ಮುಂದೆಯೇ ಚರ್ಮ ಸುಲಿಯುತ್ತೇನೆ ಅಂದುಕೊಂಡು ಬಕೆಟ್ಟು ಹೊತ್ತು ವ್ಯಾನಿಗೆ ಹೋದೆ. ಚೀಟಿಯನ್ನು ಕಂಡ ಪ್ರಯೂನನ ಮುಖದಲ್ಲಿ ರಕ್ತವೇ ಇರಲಿಲ್ಲ.

ಜಲಪಾತ ತಲುಪುವವರೆಗೆ ನಾನು ಮಾತಾಡಲಿಲ್ಲ. ಮಾತಾಡಿದವನು ಅವನು. ಕಬ್ಬಿನ ಗದ್ದೆ, ಹಳೆಯ ರೈಲು ದಾರಿ, ಬೆಟ್ಟದ ಮೇಲಿನ ಬಿದಿರು ಹೂ ಬಿಟ್ಟ ವರ್ಷ, ಎಲ್ಲಕ್ಕೂ ಕಥೆ. ಇಸವಿ ತಪ್ಪಿದಾಗ ಟೀಚರ್ ತಿದ್ದುತ್ತಿದ್ದರು, ಇವನು ಮಕ್ಕಳ ಹಾಗೆ "ಹೌದು ಟೀಚರ್" ಅನ್ನುತ್ತಿದ್ದ. ನನ್ನ ಮನೆಯಲ್ಲಿ ಫ್ಯಾನಿನ ಬಗ್ಗೆ ಮಾತ್ರ ಮಾತಾಡುವ ಗಂಡಸು ಇವನೇನಾ ಅಂತ ಹಿಂದಿನ ಸೀಟಿನಿಂದ ಅವನ ಕತ್ತನ್ನೇ ನೋಡುತ್ತಾ ಕೂತೆ.

ಜಲಪಾತದ ಪಕ್ಕದಲ್ಲಿ ನೀರಿನಿಂದ ಎತ್ತಿ ತಂದ ಹಳೆಯ ಮರದ ದಿಮ್ಮಿಯಿದೆ. ಅದರೊಳಗೆ ಮರದಮ್ಮ ಇದ್ದಾಳೆ. ಹೆಂಗಸಲ್ಲವೇ, ಅವಳಿಗೆ ಜನ ಕನ್ನಡಿ, ಬಾಚಣಿಗೆ, ಪೌಡರು ಕೊಡುತ್ತಾರೆ, ಹಗ್ಗಕಟ್ಟಿ ಬಟ್ಟೆ ನೇತುಹಾಕುತ್ತಾರೆ. ಟೀಚರ್ ನೀರಿಗೆ ಹೋಗುವ ಮೊದಲು ಕೈತೋರಿಸಿದರು: "ಆ ನೀಲಿ ರೇಷ್ಮೆ ಇದೆಯಲ್ಲ, ನಿಮ್ಮ ನಾದಿನಿಯದು. ನಿಮಗೆ ಗೊತ್ತಿರುತ್ತೆ ಬಿಡಿ."

ಗೊತ್ತಿಲ್ಲದೇ ಏನು. ಅಂಚಿನಲ್ಲಿ ಕೆಂಡ ಹಾರಿ ಸುಟ್ಟ ತೂತು, ಅದನ್ನು ಬೇರೆ ಬಣ್ಣದ ದಾರದಲ್ಲಿ ನಾನೇ ಹೊಲಿದದ್ದು. ಮಗಳ ಮದುವೆಗೆ ಉಟ್ಟ ಲಂಗ, ರವಿಕೆ. ಮೂರು ವರ್ಷದ ಹಿಂದೆ ಒಗೆದು ಹಾಕಿದ ತಂತಿಯ ಮೇಲಿನಿಂದ ಮಾಯವಾಗಿತ್ತು. ಪಕ್ಕದ ಮನೆಯ ಸಮ್ರಾನ್ ಕದ್ದಳು ಅಂತ ನಾನು ಬೀದಿಯಲ್ಲಿ ನಿಂತು ಅವಳ ಏಳು ತಲೆಮಾರು ಜಾಲಾಡಿದ್ದೆ. ಅಂದಿನಿಂದ ಅವಳ ಮುಖ ನೋಡಿಲ್ಲ. ಅಯ್ಯೋ ಸಮ್ರಾನ್ ಅನಿಸಿತು.

ಟೀಚರ್ ನೀರಿನಲ್ಲಿ ಕಾಲಿಳಿಬಿಟ್ಟು ಮೀನುಗಳು ಕಚ್ಚುವುದನ್ನು ನೋಡುತ್ತಾ ಕೂತರು. ನಾನು ಪ್ರಯೂನನ ಮುಂದೆ ಹೋಗಿ ನಿಂತೆ.

"ನಾನು ಹೇಗೆ ಸತ್ತೆ ಅಂತ ಸ್ವಲ್ಪ ಹೇಳಪ್ಪ, ಕೇಳೋಣ."

ಅವನು ಸುತ್ತ ನೋಡಿದ. "ಮೆಲ್ಲಗೆ ಮಾತಾಡು."

"ಒಂದು ದಿನವೂ ದನಿ ಎತ್ತದವಳಲ್ವಾ ನಾನು. ಯಾವಳಿಗೋಸ್ಕರ ಕೊಂದೆ ನನ್ನ? ಆ ಟೀಚರ್‌ಗಾ?"

"ಅವರನ್ನ ಕಂಡ್ರೆ ನಂಗೆ ಹೆದರಿಕೆ" ಅಂದ ಪ್ರಯೂನ್. ಅದು ಸುಳ್ಳಲ್ಲ ಅಂತ ನನಗೂ ಗೊತ್ತಾಯಿತು. ಆಮೇಲೆ ಅವನು ದಿಮ್ಮಿಯ ಕಡೆಗೆ ಬೆನ್ನು ಮಾಡಿ, ಯಾರಿಗೂ ಕೇಳಿಸಬಾರದು ಅನ್ನುವ ಹಾಗೆ ಬಾಯಿಗೆ ಕೈ ಅಡ್ಡ ಹಿಡಿದು ಮಾತಾಡಿದ. ಮೂವತ್ತೊಂದು ವರ್ಷದಲ್ಲಿ ನನ್ನ ಹತ್ತಿರ ಅವನು ಒಂದೇ ಸಲಕ್ಕೆ ಅಷ್ಟು ಮಾತಾಡಿದ್ದು ಅದೇ ಮೊದಲು.

"ನೀನು ಪೆಟ್ಟಿಗೇಲಿ ಮಲಗಲ್ಲ ಅಂದೆ. ನಿಂಗೆ ಬೇರೆ ಏನೂ ಹೇಳಕ್ಕಾಗಲ್ಲ, ಮೇಲೆ ಬೀಳ್ತೀಯ. ಅದಕ್ಕೆ ನಾನೇ ನಿನ್ನ ನೀಲಿ ಬಟ್ಟೆ ತಗೊಂಡು ವಿಹಾರಕ್ಕೆ ಹೋದೆ. ಪೆಟ್ಟಿಗೇಲಿ ಬಟ್ಟೆ ಮಲಗಿಸಿದೆ, ಬಿಳಿ ಹೊದಿಸಿದ್ರು, ಮಂತ್ರ ಆಯ್ತು. ಆಮೇಲೆ ಏಳಬೇಕಲ್ಲ? ಬಟ್ಟೆ ತಾನಾಗಿ ಏಳುತ್ತಾ? ನಾನು ಎತ್ತಿದೆ. ಎತ್ತಿದ್ದು ಎದ್ದ ಹಾಗಾಗುತ್ತೋ ಇಲ್ವೋ ಅಂತ ಗುರುಗಳ್ನ ಕೇಳಕ್ಕೆ ಧೈರ್ಯ ಬರಲಿಲ್ಲ. ಅಂದ್ರೆ ಅಲ್ಲಿನ ಲೆಕ್ಕದಲ್ಲಿ ನೀನು ಸತ್ತಿದ್ದೀಯ, ಎದ್ದಿಲ್ಲ. ಸತ್ತೋರ ಬಟ್ಟೆ ಮನೆಗೆ ಹೇಗೆ ತರಲಿ? ಮರದಮ್ಮನಿಗೆ ಕೊಟ್ಟೆ. ಬಟ್ಟೆ ಯಾರದ್ದು ಅಂತ ಅವತ್ತಿನ ಗಿರಾಕಿಗಳು ಕೇಳಿದ್ರು. ತೀರ್ಕೊಂಡ ಹೆಂಡತೀದು ಅಂದೆ. ಬಾಯಿಂದ ಬಂತು. ಬಂದ ಮೇಲೆ, ಇದೇ ಸರಿ ಅನಿಸ್ತು. ಕರ್ಕೊಂಡು ಹೋಗೋರು ಕೇಳಿಸ್ಕೊಂಡ್ರೆ, ಓ ಈ ಹೆಂಗಸಿನದ್ದು ಆಯ್ತು ಬಿಡು, ಇನ್ನೊಂದ್ಸಲ ಯಾಕೆ ಹೋಗೋದು ಅಂತಾರೆ. ಅದಕ್ಕೆ ಎಲ್ಲರ ಹತ್ರಾನೂ ಹೇಳ್ತೀನಿ. ಇಲ್ಲಿ ಹೇಳ್ತೀನಿ, ಮಾರ್ಕೆಟ್ಟಲ್ಲಿ ಹೇಳ್ತೀನಿ, ವಿಹಾರದಲ್ಲಿ ಹೇಳ್ತೀನಿ. ಮೂರು ವರ್ಷ ಏನೂ ಆಗಲಿಲ್ಲ ಅಲ್ವಾ ನಿಂಗೆ?"

ಹೆದರಿದ ಮನುಷ್ಯನ ಬೆವರು ಹೇಗಿರುತ್ತದೆ ಅಂತ ಅವನ ಮೇಲ್ದುಟಿಯ ಮೇಲೆ ನೋಡಿದೆ. ಸುಲಿಯಬೇಕು ಅಂತ ಬಂದವಳಿಗೆ ಎಲ್ಲಿಂದ ಶುರುಮಾಡಬೇಕು ಅಂತ ತಿಳಿಯಲಿಲ್ಲ.

"ಇವತ್ತು ಮೂರೂವರೆಗೆ ವರದಿ" ಅಂದ. "ಇವತ್ತೇ ನೀನು ಬಂದು ಅವರ ಜೊತೆ ಕೂತೆ. ಆ ಹೆಂಡತಿ ನಾನೇ, ಬದುಕಿದ್ದೀನಿ ಅಂತ ನೀನು ಒಂದು ಮಾತು ಅಂದ್ರೆ ಮುಗೀತು ಅಮ್ಮಾ, ಅವರಿಗೆಲ್ಲ ಕೇಳಿಸಿಬಿಡುತ್ತೆ. ಆದ್ರೂ ಅವರು ಆ ಬಕೆಟ್ ಕೊಡೋ ಮೊದಲು ನಾನೇ ನಿಜ ಹೇಳಿಬಿಡ್ತೀನಿ. ಬದುಕಿರೋರಿಗೆ ಸತ್ತೋರ ಪೂಜೆ ಮಾಡಿಸೋದು ನನ್ನ ಕೈಲಾಗಲ್ಲ."

"ಬಾಯಿ ಮುಚ್ಕೊಂಡು ಗಾಡಿ ಓಡ್ಸು" ಅಂದೆ.

ವಿಹಾರದಲ್ಲಿ ವಯಸ್ಸಾದ ಗುರುಗಳು ಬಕೆಟ್ಟು ಸ್ವೀಕರಿಸಿ ಚೀಟಿ ಓದಿದರು. ನನ್ನ ಹೆಸರು, ನನ್ನ ಮನೆತನದ ಹೆಸರು, ಒಂದಕ್ಷರ ಬಿಡದೆ. ಟೀಚರ್ ಪುಟ್ಟ ಹಿತ್ತಾಳೆ ಗಿಂಡಿಯನ್ನು ನನ್ನ ಕೈಗೆ ಕೊಟ್ಟರು. "ನೀವು ಹತ್ತಿರದವರು, ನೀವೇ ನೀರು ಬಿಡಿ." ಮಂತ್ರ ಮುಗಿಯುವವರೆಗೆ ಬಟ್ಟಲಿಗೆ ಸಣ್ಣ ಧಾರೆಯಾಗಿ ನೀರು ಬಿಡಬೇಕು, ಧಾರೆ ಕಡಿಯಬಾರದು, ತೀರಿಕೊಂಡವರನ್ನು ಮನಸ್ಸಿನಲ್ಲಿ ನೆನೆಯಬೇಕು.

ಪ್ರಯೂನ್ ಬಾಯಿ ತೆರೆದ. ನಾನು ಅವನ ಕಡೆ ನೋಡಿದೆ. ಮುಚ್ಚಿಕೊಂಡ.

ನೀರು ಬಿಟ್ಟೆ. ಯಾರನ್ನು ನೆನೆಯಲಿ? ಒಡೆದ ಬಾಳೆಹಣ್ಣು ತಿನ್ನುವ ಲಂದುವನ್‌ಳನ್ನು ನೆನೆದೆ. ಪಾಪ, ಅವಳಿಗೆ ಐವತ್ತೆಂಟು ವರ್ಷ, ಮೊಮ್ಮಗುವಿನ ಹಲ್ಲು ಇನ್ನೂ ಪೂರ್ತಿ ಬಂದಿಲ್ಲ, ನೋಡುತ್ತಿದ್ದ ಧಾರಾವಾಹಿ ಮುಗಿದಿಲ್ಲ. ಮೂರು ವರ್ಷದಿಂದ ಸಾವಿನ ವಿಷಯಕ್ಕೆ ಎಲ್ಲರ ಮುಂದೆ ನಗುತ್ತಾ ಬಂದವಳು ನಾನು. ನನಗೆ ಬದುಕಬೇಕು ಅಂತ ಇಷ್ಟೊಂದು ಆಸೆಯಿದೆ ಅನ್ನುವುದು ನನ್ನದೇ ಹೆಸರಿಗೆ ಎಳ್ಳುನೀರು ಬಿಡುತ್ತಾ ಕೂತಾಗ ಗೊತ್ತಾಯಿತು. ಗಿಂಡಿ ಓರೆಯಾಗಿ ಧಾರೆ ಕಡಿಯುವುದರಲ್ಲಿತ್ತು. ಹಿಂದಿನಿಂದ ಪ್ರಯೂನನ ಕೈ ಬಂದು ನನ್ನ ಮೊಣಕೈ ಹಿಡಿಯಿತು. ನಮ್ಮಲ್ಲಿ ನೀರು ಬಿಡುವವರನ್ನು ಮನೆಯವರು ಹೀಗೆ ಮುಟ್ಟಿಕೊಂಡಿರುತ್ತಾರೆ. ಮಂತ್ರ ಮುಗಿದ ಮೇಲೆ ಬಟ್ಟಲಿನ ನೀರನ್ನು ಅಂಗಳದ ಮರದ ಬುಡಕ್ಕೆ ನಾನೇ ಸುರಿದೆ.

ಪಟ್ಟಣದಲ್ಲಿ ಬಸ್ಸಿನ ಹತ್ತಿರ ಟೀಚರ್ ನನ್ನ ಎರಡೂ ಕೈ ಹಿಡಿದು "ಅವರನ್ನ ನೋಡ್ಕೊಳ್ಳಿ ಅಕ್ಕ, ಒಳಗೇ ಕೊರಗ್ತಾರೆ" ಅಂದರು. ನೋಡಿಕೊಳ್ಳುತ್ತೇನೆ ಅಂದೆ.

ಆಸ್ಪತ್ರೆಯಲ್ಲಿ ನನ್ನ ಹೆಸರನ್ನು ಮೈಕಿನಲ್ಲಿ ಕೂಗಿದರು. ಒಂದೇ ದಿನದಲ್ಲಿ ಎರಡನೆಯ ಸಲ, ಪೂರ್ತಿ ಹೆಸರು. ಪ್ರಯೂನ್ ಒಳಗೆ ಬರಲಿಲ್ಲ, ಬಾಗಿಲ ಚೌಕಟ್ಟು ಹಿಡಿದು ನಿಂತ. ಡಾಕ್ಟರು ನಮ್ಮ ಮಗಳ ವಯಸ್ಸಿನ ಹುಡುಗಿ. ಹಾಳೆ ತಿರುಗಿಸಿ ನೋಡಿ, "ಹೆದರಿಕೊಂಡಿದ್ರಾ ಆಂಟಿ? ಇದು ಹಳೆ ಗಾಯ ಗಟ್ಟಿಯಾಗಿರೋದು ಅಷ್ಟೆ. ಕೆಟ್ಟದ್ದು ಏನೂ ಇಲ್ಲ. ಆರು ತಿಂಗಳು ಬಿಟ್ಟು ಬಂದು ತೋರಿಸಿ" ಅಂದಳು. ನಾನು ಇನ್ನೊಂದು ಸಲ ಹೇಳಿಸಿದೆ. ಮೂರನೆಯ ಸಲವೂ ಕೇಳಿದೆ. ತಿರುಗಿ ನೋಡಿದರೆ ಚೌಕಟ್ಟಿನಲ್ಲಿ ಪ್ರಯೂನ್ ಇಲ್ಲ. ಹೊರಗೆ ವ್ಯಾನಿನ ಪಕ್ಕ ಕುಕ್ಕರಗಾಲಲ್ಲಿ ಕೂತು, ಅಂಗಿಯ ತುದಿಯಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದ.

ದಾರಿಯಲ್ಲಿ ಕೇಳಿದೆ: "ಇನ್ನಾದ್ರೂ ನನ್ನ ಬದುಕಿಸ್ತೀಯಾ?"

ಅವನು ತಿರುವಿನ ಗುಡಿಗೆ ಮೂರು ಸಲ ಹಾರನ್ ಮಾಡಿದ. "ಆರು ತಿಂಗಳು ಬಿಟ್ಟು ಮತ್ತೆ ಬಾ ಅಂದ್ರಲ್ಲ" ಅಂದ. ಮನೆಗೆ ಬಂದವಳು ಮೊದಲು ಸಮ್ರಾನಳ ಬಾಗಿಲು ತಟ್ಟಿದೆ. ಅಲ್ಲಿ ನಾನು ಕೇಳಿಸಿಕೊಂಡ ಬೈಗುಳವನ್ನು ಬರೆಯುವುದು ಬೇಡ, ಎಲ್ಲವೂ ನನಗೆ ಸಲ್ಲಬೇಕಾದ್ದೇ.

ಎರಡು ವಾರದ ಮೇಲೆ ಒಂದು ಬೆಳಿಗ್ಗೆ ಕೆಂಡಕ್ಕೆ ಗಾಳಿ ಹಾಕುತ್ತಿದ್ದಾಗ ಪ್ರಯೂನನ ಫೋನು ಹೊಡೆದುಕೊಂಡಿತು. ಅವನು ವ್ಯಾನು ತೊಳೆಯುತ್ತಿದ್ದ. ಎತ್ತಿದೆ. ವಿಪಾ ಟೀಚರ್.

"ಅಕ್ಕಾ, ನೀವೇ ಸಿಕ್ಕಿದ್ದು ಒಳ್ಳೇದಾಯ್ತು. ನಿಮ್ಮ ನಾದಿನಿ ನನ್ನ ಕನಸಲ್ಲಿ ಬಂದಿದ್ರು. ಅದೇ ನೀಲಿ ಬಟ್ಟೆ. ಮುಖ ಸರಿಯಾಗಿ ಕಾಣಲಿಲ್ಲ. ಕಳಿಸಿದ್ದೆಲ್ಲ ಮುಟ್ಟಿತು, ನಾನು ಆರಾಮಾಗಿದ್ದೀನಿ ಅಂದ್ರು."

ಕೈಯಲ್ಲಿದ್ದ ಬೀಸಣಿಗೆ ನಿಂತಿತು. ಅಂಗಳದಲ್ಲಿ ಪ್ರಯೂನ್ ಪೈಪು ಹಿಡಿದು, ಯಾರು, ಏನು ಅಂತ ಕಣ್ಣಲ್ಲೇ ಕೇಳುತ್ತಿದ್ದ. ಪೈಪಿನ ನೀರು ಅವನ ಕಾಲ ಮೇಲೇ ಬೀಳುತ್ತಿತ್ತು. ಎಲ್ಲವನ್ನೂ ಹೇಳಿಬಿಡಲು ನನಗೆ ಒಂದು ಕ್ಷಣ ಸಾಕಿತ್ತು, ಅಂಥ ಬಾಯಿ ನನ್ನದು. ಆಗಸ್ಟಿನಲ್ಲಿ ಮತ್ತೆ ಆಸ್ಪತ್ರೆಗೆ ಹೋಗಬೇಕು ಅನ್ನುವುದು ನೆನಪಾಯಿತು.

"ನನ್ನ ಕನಸಲ್ಲೂ ಬಂದಿದ್ಲು ಟೀಚರ್" ಅಂದೆ. "ಒಳ್ಳೆ ಹೆಂಗಸು. ಬಾಯಿ ಮಾತ್ರ ಸ್ವಲ್ಪ ಜೋರಿತ್ತು, ನಮ್ಮ ತಮ್ಮ ಅದನ್ನ ನಿಮಗೆ ಹೇಳಿಲ್ಲ."

ಫೋನಿಟ್ಟು, ಕೆಂಡದ ಮೇಲಿಂದ ಒಡೆಯದ ಹಣ್ಣೊಂದನ್ನು ಆರಿಸಿ ಅವನಿಗೆ ಕೊಟ್ಟೆ. ಅವನು ಅದನ್ನು ಮುರಿದು ಅರ್ಧ ನನಗೆ ಕೊಟ್ಟ.